ಮೊಬೈಲಿಗೆ ಸಿಕ್ಕಿಸುವ ಮ್ಯಾಕ್ರೋ ಲೆನ್ಸ್: ಸಣ್ಣ ಸ್ನೈಪ್ ನೊಣದ ಕುಲ ಹಿಡಿಯೋಕೆ ಸಾಕಾಗುತ್ತಾ?

ಮೊದಲೇ ಹೇಳಿಬಿಡುತ್ತೇನೆ, ಈ ಲೆನ್ಸ್ ತಗೊಳ್ಳಬಹುದು. ಮೊಬೈಲ್ ಕ್ಯಾಮೆರಾದ ಮೇಲೆ ಕ್ಲಿಪ್ ಹಾಕಿ ಸಿಕ್ಕಿಸುವ ಮ್ಯಾಕ್ರೋ ಲೆನ್ಸ್ ಇದು. ಬೆಲೆ ಎಂಟುನೂರು ರೂಪಾಯಿ ಆಸುಪಾಸು. ಹೂವು, ಮಳೆಹನಿ, ಜೇಡರಬಲೆ ಇವುಗಳ ಚಂದದ ಫೋಟೋ ತೆಗೆದು ಸ್ಟೇಟಸ್‌ಗೆ ಹಾಕೋಕೆ ಹೇಗಿದೆ ಅಂತ ಹೇಳುವ ವಿಮರ್ಶೆಗಳು ಬೇಕಾದಷ್ಟು ಸಿಗುತ್ತವೆ. ನಾನು ಪರೀಕ್ಷೆ ಮಾಡಿದ್ದು ಬೇರೆ ವಿಷಯಕ್ಕೆ. ಶಿರಸಿ ಕಡೆ ಅಡಿಕೆ ತೋಟದಲ್ಲಿ ಮಳೆಗಾಲ ಹತ್ತಿರ ಬಂದಾಗ ಏಲಕ್ಕಿ ಎಲೆ ಮೇಲೆ, ಕೆಸುವಿನ ಎಲೆ ಮೇಲೆ ಉದ್ದ ಕಾಲಿನ ಸಣ್ಣ ನೊಣಗಳು ಕೂತಿರುತ್ತವೆ, ಸ್ನೈಪ್ ನೊಣ ಅಂತಾರೆ. ಅವನ್ನು ಇದು ಇಂಥ ಕುಟುಂಬದ್ದು, ಇಂಥ ಕುಲದ್ದು (ಕುಟುಂಬದೊಳಗಿನ ಸಣ್ಣ ಗುಂಪು, ಜೀನಸ್) ಅಂತ ಈ ಲೆನ್ಸ್ ಇಟ್ಟುಕೊಂಡು ಗಟ್ಟಿಯಾಗಿ ಹೇಳೋಕಾಗುತ್ತಾ? ಕುಲದ ತನಕ ಆಗುತ್ತೆ. ಆದರೆ ನೊಣದ ಬೆನ್ನಿನ ಫೋಟೋ ಹತ್ತು ತೆಗೆದು ಕೂತರೆ ಏನೂ ಉಪಯೋಗ ಇಲ್ಲ. ಲೆನ್ಸನ್ನು ಎಲ್ಲಿಗೆ ಹಿಡಿಯಬೇಕು ಅಂತ ಗೊತ್ತಿದ್ದರೆ ಮಾತ್ರ ಕೊಟ್ಟ ದುಡ್ಡು ವಸೂಲಿ.

ಕಂಪನಿ ಹೆಸರು ಹಾಕುತ್ತಿಲ್ಲ. ಒಂದೇ ಥರದ ಲೆನ್ಸ್ ನಾಲ್ಕಾರು ಹೆಸರಲ್ಲಿ, ನಾಲ್ಕಾರು ಬಣ್ಣದ ಡಬ್ಬಿಯಲ್ಲಿ ಬರುತ್ತದೆ. ಹೆಸರಿಗಿಂತ ವಸ್ತು ನೋಡಿ ತಗೊಳ್ಳೋದೇ ಒಳ್ಳೆಯದು. ಡಬ್ಬಿಯಲ್ಲಿ ಲೆನ್ಸ್, ಒಳಗಡೆ ರಬ್ಬರ್ ಅಂಟಿಸಿದ ಕ್ಲಿಪ್, ಒರೆಸೋಕೆ ಬಟ್ಟೆ, ಸಣ್ಣ ಚೀಲ ಇಷ್ಟು ಬಂತು. ಲೆನ್ಸಿನ ಮೈ ಲೋಹದ್ದು, ಒಳಗಿರೋದು ಗಾಜು. ಇನ್ನೂರು ರೂಪಾಯಿಗೆ ಪ್ಲಾಸ್ಟಿಕ್ಕಿನದ್ದೂ ಸಿಗುತ್ತದೆ. ಅದು ಬೇಡ. ಚಿತ್ರದ ನಡುವೆ ಮಾತ್ರ ಸ್ವಲ್ಪ ಸ್ಪಷ್ಟ, ಅಂಚಿಗೆ ಹೋದ ಹಾಗೆ ಎಲ್ಲ ಕಲಸಿಹೋಗುತ್ತದೆ, ರೆಕ್ಕೆಯ ನರಗಳ ಪಕ್ಕದಲ್ಲಿ ಇಲ್ಲದ ನೇರಳೆ ಗೆರೆಗಳು ಬರುತ್ತವೆ. ನೊಣ ಗುರುತಿಸೋ ಕೆಲಸದಲ್ಲಿ ಆ ನರಗಳೇ ಮುಖ್ಯ.

ಡಬ್ಬಿ ಮೇಲೆ 15 ಎಕ್ಸ್ ಅಂತ ದೊಡ್ಡದಾಗಿ ಬರೆದಿದ್ದಾರೆ. ಇದನ್ನು ಯಾರು ಬೇಕಾದರೂ ಮನೆಯಲ್ಲೇ ಪರೀಕ್ಷೆ ಮಾಡಬಹುದು. ಭೂತಗನ್ನಡಿಯ ಲೆಕ್ಕ ಸುಲಭ. 25 ಸೆಂಟಿಮೀಟರನ್ನು ಲೆನ್ಸಿನ ಸಂಗಮ ದೂರದಿಂದ ಭಾಗಿಸಿದರೆ ಎಷ್ಟು ಪಟ್ಟು ಅನ್ನೋದು ಬರುತ್ತದೆ. ನಿಜವಾಗಿ 15 ಪಟ್ಟು ಆಗಿದ್ದರೆ ವಸ್ತು ಲೆನ್ಸಿನಿಂದ ಸುಮಾರು 1.7 ಸೆಂಟಿಮೀಟರ್ ದೂರದಲ್ಲಿ ಸ್ಪಷ್ಟ ಕಾಣಬೇಕು. ನಾನು ಸ್ಕೇಲ್ ಇಟ್ಟು ನೋಡಿದೆ, ಇದರಲ್ಲಿ ಸ್ಪಷ್ಟ ಆಗೋದು ಹತ್ತಿರ ಹತ್ತಿರ 4 ಸೆಂಟಿಮೀಟರಿನಲ್ಲಿ. ಅಂದರೆ ಆರು ಪಟ್ಟು, ಅಷ್ಟೇ. ಡಬ್ಬಿ ಮೇಲೆ ಸುಳ್ಳು ಬರೆದಿದ್ದು ತಪ್ಪು, ಅದಕ್ಕೆ ಒಂದು ಸ್ಟಾರ್ ಕಡಿಮೆ ಕೊಡ್ತೀನಿ. ಆದರೆ ಕೆಲಸದ ದೃಷ್ಟಿಯಿಂದ ಆರು ಪಟ್ಟೇ ಒಳ್ಳೆಯದಾಯ್ತು. ಒಂದೂವರೆ ಸೆಂಟಿಮೀಟರ್ ಹತ್ತಿರ ಮೊಬೈಲ್ ಒಯ್ದರೆ ಯಾವ ನೊಣ ಕೂತಿರುತ್ತದೆ ಹೇಳಿ? ನಾಲ್ಕು ಸೆಂಟಿಮೀಟರ್ ಆದರೆ ನಿಧಾನಕ್ಕೆ ಹೋದಾಗ ಸುಮಾರು ಸಲ ಕೂತೇ ಇರುತ್ತದೆ. ಮಧ್ಯೆ ಬೆಳಕು ಹೋಗೋಕೂ ಜಾಗ ಇರುತ್ತದೆ. ಕಡಿಮೆ ಬಿದ್ದದ್ದನ್ನು ಮೊಬೈಲಿನಲ್ಲಿ ಜೂಮ್ ಮಾಡಿಕೊಳ್ಳಬಹುದು.

ಇನ್ನೊಂದು ವಿಷಯ, ಈಗಿನ ಮೊಬೈಲಿಗೆ ಎರಡು ಮೂರು ಕ್ಯಾಮೆರಾ ಇರುತ್ತವೆ. ಹತ್ತಿರ ಹೋದ ಕೂಡಲೇ ಅದು ತಾನಾಗೇ ಇನ್ನೊಂದು ಕ್ಯಾಮೆರಾಕ್ಕೆ ಹಾರಿಬಿಡುತ್ತದೆ, ಆಗ ಲೆನ್ಸ್ ಒಂದು ಕಡೆ, ಚಿತ್ರ ಇನ್ನೊಂದು ಕಡೆ. ಸೆಟ್ಟಿಂಗಿಗೆ ಹೋಗಿ ಆ ಆಟೋ ಮ್ಯಾಕ್ರೋ ಆಫ್ ಮಾಡಬೇಕು. ಡಬ್ಬಿಯೊಳಗಿನ ಚೀಟಿಯಲ್ಲಿ ಇದನ್ನು ಎಲ್ಲೂ ಬರೆದಿಲ್ಲ. ಲೆನ್ಸ್ ಸರಿ ಇಲ್ಲ ಅಂತ ವಾಪಸ್ ಕಳಿಸಿದವರಲ್ಲಿ ಅರ್ಧ ಜನಕ್ಕೆ ಇದೇ ತೊಂದರೆ ಇದ್ದಿರಬೇಕು ಅಂತ ನನಗೆ ಅನಿಸುತ್ತದೆ.

ಈಗ ನೊಣಕ್ಕೆ ಬರೋಣ. ಸ್ನೈಪ್ ನೊಣ ಅನ್ನೋದು ರಾಜಿಯೋನಿಡೇ ಕುಟುಂಬದ ನೊಣಗಳಿಗೆ ಇರುವ ಹೆಸರು. ಮೈ ತೆಳು, ಹೊಟ್ಟೆ ಹಿಂದೆ ಹೋದಂತೆ ಚೂಪು, ಕಾಲು ಉದ್ದ. ಮರಿಹುಳಗಳು ಒದ್ದೆ ಮಣ್ಣು, ಕೊಳೆತ ದರಕು, ಕುಂಬಾದ ಮರ ಇಂಥ ಕಡೆ ಬೆಳೆಯುತ್ತವೆ, ಹೆಚ್ಚಿನವು ಅಲ್ಲೇ ಇರುವ ಬೇರೆ ಸಣ್ಣ ಹುಳಗಳನ್ನು ತಿಂದು ಬದುಕುತ್ತವೆ. ಈ ಪಟ್ಟಿ ಓದಿದರೆ ನಮ್ಮ ತೋಟದ ವರ್ಣನೆ ಓದಿದ ಹಾಗೇ ಇದೆ, ಅಲ್ವಾ? ಬೆಟ್ಟದಿಂದ ತಂದು ಹಾಕಿದ ಸೊಪ್ಪು, ಅಡಿಕೆ ಮರದ ಬುಡದಲ್ಲಿ ಕೊಳೆಯುವ ಹಾಳೆ, ಕಾಲುವೆ ಬದಿಯ ಕೆಸರು, ದಿನವಿಡೀ ನೆರಳು. ಹಾಗಾಗಿ ಇವನ್ನು ಹುಡುಕೋಕೆ ಕಾಡಿಗೇ ಹೋಗಬೇಕು ಅಂತಿಲ್ಲ. ತೋಟದ ಅಂಚಲ್ಲಿ, ಬೆಟ್ಟ ಶುರುವಾಗುವ ಜಾಗದಲ್ಲಿ, ಸೊಂಟದೆತ್ತರದ ಗಿಡಗಳ ಎಲೆ ನೋಡುತ್ತಾ ಹೋದರೆ ಸಾಕು. ಉಂಬಳಕ್ಕೆ ಮಾತ್ರ ಕಾಲಿಗೆ ಏನಾದರೂ ಹಚ್ಚಿಕೊಂಡು ಹೋಗಿ, ನೊಣಕ್ಕೋಸ್ಕರ ನಿಂತಲ್ಲೇ ನಿಂತರೆ ಅವು ಬಿಡಲ್ಲ.

ಲೆನ್ಸಿಗೆ ಮೊದಲ ಪರೀಕ್ಷೆ ಪಾದ. ನೊಣದ ಕಾಲ ತುದಿಯಲ್ಲಿ ಎರಡು ಉಗುರು, ಅದರ ಅಡಿಗೆ ಮೆತ್ತೆ ಇರುತ್ತದೆ. ಮನೆ ನೊಣಕ್ಕೆ ಎರಡು ಮೆತ್ತೆ. ಬೇರೆ ಹುಳ ಹಿಡಿದು ತಿನ್ನುವ ರಾಬರ್ ನೊಣಕ್ಕೂ ಎರಡು, ನಡುವೆ ಒಂದು ಮುಳ್ಳಿನಂಥದ್ದು ಇರುತ್ತದೆ ಅಷ್ಟೇ. ಸ್ನೈಪ್ ನೊಣಕ್ಕೆ ಮೂರು, ನಡುವಿನದ್ದೂ ಮೆತ್ತೆಯೇ. ಇದನ್ನು ನೋಡೋಕೆ ಸುಲಭದ ಉಪಾಯ, ನೊಣವನ್ನು ಗಾಜಿನ ಸಣ್ಣ ಬಾಟಲಿಯೊಳಗೆ ಬಿಟ್ಟು ಅದು ಗಾಜಿನ ಮೇಲೆ ಹತ್ತಿದಾಗ ಆಚೆ ಕಡೆಯಿಂದ ಪಾದದ ಅಡಿಯ ಫೋಟೋ ತೆಗೆಯೋದು. ಬಾಟಲಿಯ ಗಾಜು ಗುಂಡಗಿದ್ದರೆ ಚಿತ್ರ ಸೊಟ್ಟ ಆಗುತ್ತದೆ, ಚಪ್ಪಟೆ ಬದಿ ಇರುವ ಬಾಟಲಿ ಬೇಕು. ತೆಗೆದ ಫೋಟೋ ದೊಡ್ಡದು ಮಾಡಿದಾಗ ಎರಡು ಕಪ್ಪು ಉಗುರಿನ ಅಡಿಗೆ ಸಾಲಾಗಿ ಮೂರು ತಿಳಿ ಹಳದಿ ಮೆತ್ತೆ, ಪ್ರತಿಯೊಂದರ ಮೇಲೂ ಕಂಡೂ ಕಾಣದಂಥ ನವಿರು ಕೂದಲು. ಪಕ್ಕದಲ್ಲಿ ನಿಂತಿದ್ದ ನನ್ನ ಅಕ್ಕನ ಮಗ ಮೊಬೈಲ್ ಕಸಿದುಕೊಂಡು, "ಮಾವ, ಇದ್ರ ಕಾಲಲ್ಲಿ ಮೂರು ಮೆತ್ತೆ ಇದ್ದು!" ಅಂತ ಅಂಗಳದಿಂದ ಒಳಗೆ ಓಡಿದ. ಆ ಒಂದು ಫೋಟೋಗೇ ಲೆನ್ಸಿನ ಅರ್ಧ ದುಡ್ಡು ಬಂತು ಅಂದುಕೊಂಡೆ.

ಮೂರು ಮೆತ್ತೆ ಇದ್ದ ಮಾತ್ರಕ್ಕೆ ಕೆಲಸ ಮುಗಿಯಲ್ಲ. ದನಕ್ಕೆ ಕಚ್ಚುವ ದೊಡ್ಡ ನೊಣಗಳ ಟಬಾನಿಡೇ ಕುಟುಂಬಕ್ಕೂ ಮೂರು, ಗೊಬ್ಬರಗುಂಡಿ ಹತ್ತಿರ ಸಿಗುವ ಸೋಲ್ಜರ್ ನೊಣಕ್ಕೂ ಮೂರು. ಇವನ್ನು ಬೇರೆ ಮಾಡೋಕೆ ರೆಕ್ಕೆ ನೋಡಬೇಕು. ಸೋಲ್ಜರ್ ನೊಣದಲ್ಲಿ ನರಗಳೆಲ್ಲ ರೆಕ್ಕೆಯ ಮುಂದಿನ ಅಂಚಿಗೆ ಒತ್ತಿಕೊಂಡಿರುತ್ತವೆ, ನಡುವಿನ ಕೋಣೆ, ಅಂದರೆ ನರಗಳು ಸುತ್ತುವರಿದ ಜಾಗ, ಪುಟ್ಟದು. ಸ್ನೈಪ್ ನೊಣದಲ್ಲಿ ನರಗಳು ರೆಕ್ಕೆ ತುಂಬ ಹರಡಿರುತ್ತವೆ, ನಡುವೆ ಉದ್ದನೆಯ ದೊಡ್ಡ ಕೋಣೆ ಇರುತ್ತದೆ, ರೆಕ್ಕೆಯ ತುದಿ ಹತ್ತಿರ ಒಂದು ನರ ಕವಲೊಡೆದು ತುದಿಯ ಆಚೀಚೆ ಇಳಿಯುತ್ತದೆ. ಟಬಾನಿಡೇಯಲ್ಲೂ ಹೆಚ್ಚುಕಡಿಮೆ ಇದೇ ಥರ. ಆದರೆ ಅದರ ರೆಕ್ಕೆಯ ಬುಡದಲ್ಲಿ ದೊಡ್ಡ ಬಿಳಿ ಹಾಳೆಯಂಥದ್ದು ಎದ್ದು ಕಾಣುತ್ತದೆ, ಸ್ನೈಪ್ ನೊಣದಲ್ಲಿ ಅದು ತೀರಾ ಸಣ್ಣದು. ಮೀಸೆಯೂ ಬೇರೆ. ಟಬಾನಿಡೇಯದ್ದು ಗಟ್ಟಿ, ಉಂಗುರ ಉಂಗುರವಾಗಿರುತ್ತದೆ. ತೋಟದಲ್ಲಿ ಸಿಗುವ ಸ್ನೈಪ್ ನೊಣಗಳಲ್ಲಿ ಮೀಸೆ ಗಿಡ್ಡ, ಮೂರನೇ ಗಂಟು ಉಂಡೆಯಾಗಿ ಅದರಿಂದ ಒಂದು ಎಳೆ ಕೂದಲು ಮುಂದೆ ಚಾಚಿರುತ್ತದೆ.

ರೆಕ್ಕೆಯ ವಿಷಯದಲ್ಲಿ ಲೆನ್ಸ್ ತುಂಬಾ ಚೆನ್ನಾಗಿ ಕೆಲಸ ಮಾಡಿತು. ರೆಕ್ಕೆ ಚಪ್ಪಟೆ, ಹಾಗಾಗಿ ಒಂದೇ ಫೋಕಸಿನಲ್ಲಿ ಪೂರ್ತಿ ಬರುತ್ತದೆ. ಹಿಂದಿನಿಂದ ಬೆಳಕು ಬಂದರೆ ನರಗಳು ಕಪ್ಪು ಗೆರೆ ಎಳೆದ ಹಾಗೆ ನಿಲ್ಲುತ್ತವೆ. ಬಾಟಲಿಯನ್ನು ಆಕಾಶದ ಕಡೆ ಎತ್ತಿ ಹಿಡಿದು ತೆಗೆಯಿರಿ, ಮೋಡದ ದಿನ ಆದರೆ ಇನ್ನೂ ಚೆನ್ನ. ಬಿಸಿಲಿನಲ್ಲಿ ರೆಕ್ಕೆ ಕಾಮನಬಿಲ್ಲಿನ ಹಾಗೆ ಹೊಳೆದು ನರ ಕಾಣದೇ ಹೋಗುತ್ತದೆ.

ಕುಲಕ್ಕೆ ಬಂದರೆ, ಹೆಚ್ಚಾಗಿ ತಲೆ ಕೆಡಿಸಿಕೊಳ್ಳಬೇಕಾದದ್ದು ಎರಡು. ರಾಜಿಯೋ ಮತ್ತು ಕ್ರೈಸೊಪಿಲಸ್. ಡ್ಯಾನಿಶ್ ವಿಜ್ಞಾನಿ ಫ್ಯಾಬ್ರಿಷಿಯಸ್ 1775ರಲ್ಲಿ ರಾಜಿಯೋ ಕುಲ ಮಾಡಿದ, ಕ್ರೈಸೊಪಿಲಸ್ ಮಾಡಿದ್ದು ಫ್ರಾನ್ಸಿನ ಮ್ಯಾಕಾರ್, 1826ರಲ್ಲಿ. ರಾಜಿಯೋ ನೊಣಗಳು ಸಾಮಾನ್ಯವಾಗಿ ಸ್ವಲ್ಪ ದೊಡ್ಡವು, ಕೆಲವು ಮರದ ಕಾಂಡದ ಮೇಲೆ ತಲೆ ಕೆಳಗೆ ಮಾಡಿ ಕೂರುತ್ತವೆ. ಕ್ರೈಸೊಪಿಲಸ್ ಜಗತ್ತಿನ ಎಲ್ಲ ಕಡೆ ಇದೆ, ಸುಮಾರು 300 ಪ್ರಭೇದಗಳಿವೆ, ಅದರಲ್ಲಿ ಸಣ್ಣವೇ ಜಾಸ್ತಿ. ಬೆನ್ನ ಮೇಲೆ ಹೊಂಬಣ್ಣದ ಒತ್ತಿ ಮಲಗಿದ ಕೂದಲು ಇರುತ್ತದೆ, ಬೆಳಕು ಬಿದ್ದಾಗ ಮಿರಿಮಿರಿ ಅನ್ನುತ್ತದೆ. ಬರೀ ಕಣ್ಣಿಗೆ ಕಂದು ನೊಣ, ಲೆನ್ಸ್ ಹಿಡಿದಾಗ ಬಂಗಾರದ ಪುಡಿ ಉದುರಿಸಿದಂತೆ ಕಾಣುತ್ತದೆ. ಎಲ್ಲರೂ ಫೋಟೋ ತೆಗೆಯೋದು ಇದನ್ನೇ, ಅದು ತಪ್ಪಲ್ಲ, ನಿಜಕ್ಕೂ ಚಂದ ಇದೆ. ಆದರೆ ಆ ಕೂದಲು ಉಜ್ಜಿದರೆ ಉದುರುತ್ತದೆ. ಸ್ವಲ್ಪ ದಿನ ಬದುಕಿದ ನೊಣದ ಬೆನ್ನು ಬೋಳಾಗಿ ಬರೀ ಕಂದು ಕಾಣಬಹುದು. ಬೆನ್ನಿನ ಫೋಟೋ ಸಾಲಲ್ಲ ಅಂತ ಮೊದಲೇ ಹೇಳಿದ್ದು ಇದಕ್ಕೇ.

ಗಟ್ಟಿ ಗುರುತು ಎರಡಿವೆ. ಒಂದು ಹಿಂಗಾಲಿನ ಮೊಣಕಾಲಿನ ಕೆಳಗಿನ ಉದ್ದ ಭಾಗ. ಅದರ ತುದಿಯಲ್ಲಿ ಮುಳ್ಳಿನ ಹಾಗೆ ಚಾಚು ಇರುತ್ತದೆ. ಕ್ರೈಸೊಪಿಲಸ್‌ಗೆ ಸಾಮಾನ್ಯವಾಗಿ ಒಂದೇ ಮುಳ್ಳು, ರಾಜಿಯೋಗೆ ಎರಡು. ಇನ್ನೊಂದು ರೆಕ್ಕೆಯ ಹಿಂದಿನ ಅಂಚಿನ ಕೋಣೆ. ಕ್ರೈಸೊಪಿಲಸ್‌ನಲ್ಲಿ ಎರಡು ನರಗಳು ಅಂಚಿಗೆ ಮುಟ್ಟುವ ಮೊದಲೇ ಕೂಡಿಕೊಂಡು ಆ ಕೋಣೆ ಮುಚ್ಚಿರುತ್ತದೆ. ರಾಜಿಯೋದಲ್ಲಿ ಎರಡೂ ನರ ಬೇರೆ ಬೇರೆಯಾಗೇ ಅಂಚಿಗೆ ಹೋಗಿ ಕೋಣೆ ತೆರೆದಿರುತ್ತದೆ. ರೆಕ್ಕೆಯ ಕೋಣೆ ಈ ಲೆನ್ಸಿನಲ್ಲಿ ಸಲೀಸಾಗಿ ಕಾಣುತ್ತದೆ. ಮುಳ್ಳು ಕಷ್ಟ. ಆರೇಳು ಮಿಲಿಮೀಟರಿನ ನೊಣದಲ್ಲಿ ಅದು ಕೂದಲೆಳೆಗಿಂತ ಸ್ವಲ್ಪ ದಪ್ಪ ಅಷ್ಟೇ, ಸುತ್ತ ಬೇರೆ ರೋಮಗಳೂ ಇರುತ್ತವೆ, ಫೋಕಸ್ ಒಂಚೂರು ಆಚೆ ಹೋದರೂ ಮಾಯ. ಒಂದೇ ಭಂಗಿಯಲ್ಲಿ ಬರ್ಸ್ಟ್ ಇಟ್ಟು ಹತ್ತಿಪ್ಪತ್ತು ಫೋಟೋ ಹೊಡೆದು ಮೊಬೈಲನ್ನು ಕೂದಲಿನಷ್ಟು ಹಿಂದೆ ಮುಂದೆ ಮಾಡಿದಾಗ ಯಾವುದೋ ಒಂದರಲ್ಲಿ ಸಿಗುತ್ತದೆ. ಇಲ್ಲಿ ಲೆನ್ಸಿಗೆ ಪಾಸ್ ಮಾರ್ಕು, ಫಸ್ಟ್ ಕ್ಲಾಸ್ ಅಲ್ಲ.

ಮುಳ್ಳು, ಕೋಣೆ ಅಂತ ಇಷ್ಟು ಸಣ್ಣ ವಿಷಯಕ್ಕೆ ಯಾಕೆ ಜೋತು ಬೀಳಬೇಕು ಅಂತ ಕೇಳಬಹುದು. ಈ ಕುಟುಂಬದ ಕಥೆಯೇ ಹಾಗಿದೆ. 1758ರಲ್ಲಿ ಲಿನೇಯಸ್ ಇದರ ಒಂದು ನೊಣವನ್ನು ಮನೆ ನೊಣದ ಮಸ್ಕಾ ಕುಲದಲ್ಲೇ ಇಟ್ಟಿದ್ದ. 1802ರಲ್ಲಿ ಲಾತ್ರೇಯ್ ಇದಕ್ಕೆ ಬೇರೆ ಕುಟುಂಬ ಮಾಡಿದ. ಆಮೇಲೆ ತುಂಬಾ ಕಾಲ ಈ ಕುಟುಂಬ ಮನೆಯ ಅಟ್ಟದ ಹಾಗೆ ಆಗಿಹೋಯ್ತು, ಎಲ್ಲಿ ಇಡಬೇಕು ಅಂತ ಗೊತ್ತಾಗದ ಹಳೇ ಮಾದರಿಯ ನೊಣಗಳನ್ನೆಲ್ಲ ತಂದು ಇದರಲ್ಲೇ ಹಾಕಿದರು. ಉದ್ದ ಕಾಲು, ಚೂಪು ಹೊಟ್ಟೆ ಇದ್ದರೆ ಸಾಕಿತ್ತು. ಭಾರತದ ನೊಣಗಳ ಬಗ್ಗೆ ಬ್ರುನೆಟ್ಟಿ ಬರೆದ ಪುಸ್ತಕ 1920ರಲ್ಲಿ ಬಂತು, ಫಾನಾ ಆಫ್ ಬ್ರಿಟಿಷ್ ಇಂಡಿಯಾ ಮಾಲೆಯಲ್ಲಿ. ಅದನ್ನು ತೆರೆದು ರಾಜಿಯೋನಿಡೇ ಹುಡುಕಿದರೆ ಸಿಗಲ್ಲ, ಆಗ ಲೆಪ್ಟಿಡೇ ಅಂತ ಕರೆಯುತ್ತಿದ್ದರು. ಹಳೇ ಪುಸ್ತಕ ನೋಡುವವರು ಆ ಹೆಸರನ್ನೂ ನೆನಪಿಟ್ಟುಕೊಳ್ಳಿ.

ಅಟ್ಟ ಖಾಲಿ ಮಾಡೋ ಕೆಲಸ ನಿಧಾನಕ್ಕೆ ಶುರುವಾಯ್ತು. ಇರುವೆಸಿಂಹದ ಹಾಗೆ ಧೂಳಿನಲ್ಲಿ ಗುಂಡಿ ತೋಡಿ ಇರುವೆ ಹಿಡಿಯುವ ಮರಿಹುಳಗಳಿರುವ ನೊಣಗಳು ವರ್ಮಿಲಿಯೋನಿಡೇ ಅಂತ ಬೇರೆಯಾದವು. 1973ರಲ್ಲಿ ದಕ್ಷಿಣ ಆಫ್ರಿಕಾದ ಬ್ರಯನ್ ಸ್ಟಕನ್‌ಬರ್ಗ್ ನೀರಿನಲ್ಲಿ ಮರಿ ಬೆಳೆಯುವ ಸ್ನೈಪ್ ನೊಣಗಳನ್ನು ಹೊರಗೆ ತೆಗೆದು ಅಥೆರಿಸಿಡೇ ಅನ್ನುವ ಕುಟುಂಬ ಮಾಡಿದ. ಅವು ನೋಡೋಕೆ ಸ್ನೈಪ್ ನೊಣದ ಹಾಗಿದ್ದರೂ ನಿಜವಾಗಿ ದನ ಕಚ್ಚುವ ಟಬಾನಿಡೇಗೆ ಹತ್ತಿರದ ಸಂಬಂಧಿಗಳು ಅಂತ ತೋರಿಸಿದ. 2010ರಲ್ಲಿ ಪೀಟರ್ ಕೆರ್ ಇಡೀ ರಾಜಿಯೋನಿಡೇಯನ್ನು ಮತ್ತೆ ಕೂಲಂಕಷವಾಗಿ ನೋಡಿ ನಾಲ್ಕು ಉಪಕುಟುಂಬ ಮಾಡಿದ. ರಾಜಿಯೋ ಒಂದರಲ್ಲಿ, ಕ್ರೈಸೊಪಿಲಸ್ ಇನ್ನೊಂದರಲ್ಲಿ. ಅಂದರೆ ತೋಟದಲ್ಲಿ ಅಕ್ಕಪಕ್ಕದ ಎಲೆ ಮೇಲೆ ಕೂತಿರುವ ಈ ಎರಡು ನೊಣಗಳ ನಡುವೆ ನಾವು ಅಂದುಕೊಂಡದ್ದಕ್ಕಿಂತ ಜಾಸ್ತಿ ದೂರ ಇದೆ. ಒಟ್ಟು ಆಕಾರ ನೋಡಿ ಹೇಳಿದ ವರ್ಗೀಕರಣ ನಿಲ್ಲಲಿಲ್ಲ, ನರ, ಮುಳ್ಳು, ಮರಿಹುಳದ ಬಾಯಿ ಇವುಗಳನ್ನು ನೋಡಿ ಮಾಡಿದ್ದು ನಿಂತಿತು. ನಮ್ಮ ಫೋಟೋಗೂ ಅದೇ ನಿಯಮ.

ಅಥೆರಿಸಿಡೇ ವಿಷಯ ನಮ್ಮ ಜಿಲ್ಲೆಯವರಿಗೆ ಮುಖ್ಯ. ಹಳ್ಳ, ಜಲಪಾತ ಇರುವ ಕಡೆ ಎಲ್ಲ ಹುಡುಕಬಹುದಾದ ಗುಂಪು ಅದು. ಅಘನಾಶಿನಿ ಕಡೆ, ಬೇಡ್ತಿ ಕಡೆ, ಯಾವ ಹಳ್ಳದ ಬದಿಯಲ್ಲೇ ಆಗಲಿ ಸ್ನೈಪ್ ನೊಣದಂಥದ್ದು ಕಂಡರೆ ರೆಕ್ಕೆಯ ಮುಂದಿನ ಅಂಚನ್ನು ಮೊದಲು ತೆಗೆಯಿರಿ. ಮುಂದಿನಿಂದ ಬರುವ ಎರಡು ಉದ್ದ ನರಗಳು ಅಂಚಿನಲ್ಲಿ ಒಂದೇ ಜಾಗಕ್ಕೆ ಬಂದು ಕೂಡಿದರೆ ಅದು ಅಥೆರಿಸಿಡೇ. ಬೇರೆ ಬೇರೆ ಜಾಗದಲ್ಲಿ ಮುಟ್ಟಿದರೆ ರಾಜಿಯೋನಿಡೇ. ಒಂದು ಸ್ಪಷ್ಟ ಫೋಟೋ ಸಾಕು, ಈ ಲೆನ್ಸಿಗೆ ಇದು ಏನೇನೂ ಕಷ್ಟ ಅಲ್ಲ. ಅದೇ ಗುಂಪಿನ ಯುರೋಪಿನ ಒಂದು ನೊಣದಲ್ಲಿ ಹೆಣ್ಣುಗಳೆಲ್ಲ ನೀರಿನ ಮೇಲೆ ಚಾಚಿದ ಕೊಂಬೆಗೋ ಸೇತುವೆ ಅಡಿಗೋ ಗುಂಪಾಗಿ ಜೋತುಬಿದ್ದು ಮೊಟ್ಟೆ ಇಟ್ಟು ಅಲ್ಲೇ ಸಾಯುತ್ತವೆ, ಮರಿಗಳು ಮೊಟ್ಟೆಯೊಡೆದು ಕೆಳಗೆ ನೀರಿಗೆ ಬೀಳುತ್ತವೆ.

ಈ ಲೆನ್ಸ್ ತಗೊಂಡ ಮೇಲೆ ನನಗೆ ಹೆಚ್ಚು ಖುಷಿ ಕೊಟ್ಟದ್ದು ಮಾತ್ರ ನೊಣ ಅಲ್ಲ, ಪಾಗಾರ. ನಮ್ಮ ಕಡೆ ಚಿರೆಕಲ್ಲಿನ ಪಾಗಾರದ ಮೇಲೆ, ಬಾವಿಕಟ್ಟೆ ಬದಿಗೆ ಮಳೆಗಾಲದಲ್ಲಿ ಹಾವಸೆ ಜೊತೆ ಚಪ್ಪಟೆ ಹಸಿರು ಪಟ್ಟಿಗಳು ಕಲ್ಲಿಗೆ ಅಂಟಿಕೊಂಡು ಬೆಳೆಯುತ್ತವೆ, ನೋಡಿರ್ತೀರಿ. ಲಿವರ್‌ವರ್ಟ್ ಅಂತಾರೆ. ಲೆನ್ಸ್ ಹಿಡಿದರೆ ಅದರ ಮೈ ಮೇಲೆ ಜೋಡಿಸಿಟ್ಟಂಥ ಸಣ್ಣ ಸಣ್ಣ ಚೌಕ, ಪ್ರತಿ ಚೌಕದ ನಡುವೆ ಒಂದು ತೂತು. ಕೆಲವುದರಲ್ಲಿ ಹಲ್ಲಿರುವ ಅಂಚಿನ ಪುಟ್ಟ ಬಟ್ಟಲುಗಳು, ಒಳಗೆ ಹಸಿರು ಬಿಲ್ಲೆಗಳು, ಮಳೆಹನಿ ಬಿದ್ದಾಗ ಅವು ಸಿಡಿದು ಬೇರೆ ಕಡೆ ಹೋಗಿ ಹೊಸ ಗಿಡವಾಗುತ್ತವೆ. ಇದಕ್ಕೂ ಸ್ನೈಪ್ ನೊಣಕ್ಕೂ ಏನು ಸಂಬಂಧ ಅಂದರೆ, ಲಿಟೊಲೆಪ್ಟಿಸ್ ಅನ್ನುವ ಒಂದು ಕುಲ ಇದೆ. ಮೈ ಎರಡು ಮಿಲಿಮೀಟರ್ ಆಸುಪಾಸು, ಈ ಕುಟುಂಬದ ತೀರಾ ಸಣ್ಣವರಲ್ಲಿ ಒಂದು. ಚಿಲ್‌ಕಾಟ್ ಅನ್ನುವವರು 1963ರಲ್ಲಿ ಅಲಾಸ್ಕಾದ ನೊಣ ನೋಡಿ ಈ ಕುಲ ಮಾಡಿದರು. ನೋಡೋಕೆ ಸ್ನೈಪ್ ನೊಣದ ಹಾಗೆ ಏನೂ ಇಲ್ಲ, ಕಪ್ಪು ನುಸಿಯ ಹಾಗಿರುತ್ತದೆ. 2016ರಲ್ಲಿ ಜಪಾನಿನ ಇಮಾದಾ ಮತ್ತು ಕಾಟೋ ಒಟ್ಟಿಗೆ 6 ಹೊಸ ಪ್ರಭೇದ ಪ್ರಕಟಿಸಿದರು. ಅವರು ನೋಡಿದ್ದು ಈ ಚಪ್ಪಟೆ ಲಿವರ್‌ವರ್ಟ್‌ನ ಒಳಗೆ. ಮರಿಹುಳ ಆ ಪಟ್ಟಿಯ ಮೇಲ್ಪದರ ಕೆಳಪದರದ ನಡುವೆ ಸುರಂಗ ಕೊರೆದುಕೊಂಡು, ಅದನ್ನೇ ತಿಂದು ಬೆಳೆಯುತ್ತದೆ. ಕುಟುಂಬದ ಹೆಚ್ಚಿನವರು ಹುಳ ತಿನ್ನುವವರು, ಇವು ಹಾವಸೆಯ ಅಣ್ಣತಮ್ಮಂದಿರನ್ನು ತಿಂದು ಬದುಕುವವು. ಅದನ್ನು ಓದಿದ ಮೇಲೆ ನಾನು ಮಳೆಗಾಲದಲ್ಲಿ ಪಾಗಾರ ದಾಟುವಾಗಲೆಲ್ಲ ಲಿವರ್‌ವರ್ಟ್‌ನಲ್ಲಿ ಬೆಳ್ಳಗಾದ ಸೊಟ್ಟ ಗೆರೆ ಏನಾದರೂ ಇದೆಯಾ ಅಂತ ನೋಡುತ್ತೇನೆ. ಬಗ್ಗಿ ನೋಡೋಕೆ ಈ ಲೆನ್ಸ್ ಸರಿಯಾದ ವಸ್ತು, ಪಟ್ಟಿ ಓಡಿಹೋಗಲ್ಲ, ಚಪ್ಪಟೆ ಇರೋದರಿಂದ ಎಲ್ಲ ಫೋಕಸಿಗೂ ಬರುತ್ತದೆ. ಮಲೆನಾಡಿನ ಮಕ್ಕಳಿಗೆ ಇದಕ್ಕಿಂತ ಒಳ್ಳೆ ಹುಡುಕಾಟ ಇಲ್ಲ ಅಂತ ನನ್ನ ನಂಬಿಕೆ, ಮನೆ ಬಾಗಿಲಲ್ಲೇ ಇದೆ.

ಲಿಟೊಲೆಪ್ಟಿಸ್‌ನಂಥ ಎರಡು ಮಿಲಿಮೀಟರಿನ ನೊಣದ ರೆಕ್ಕೆ, ಕಾಲು ನೋಡೋಕೆ ಈ ಲೆನ್ಸ್ ಸಾಲಲ್ಲ. ಅದಕ್ಕೆ ಮೈಕ್ರೋಸ್ಕೋಪೇ ಬೇಕು. ಹಾಗೇ ಕ್ರೈಸೊಪಿಲಸ್ ಕುಲದೊಳಗೆ ಯಾವ ಪ್ರಭೇದ ಅನ್ನೋದೂ ಫೋಟೋದಿಂದ ಹೇಳೋಕಾಗೋದು ಬಹಳ ಅಪರೂಪ. ಗಂಡು ನೊಣದ ಹೊಟ್ಟೆಯ ತುದಿಯ ಅಂಗ ಬಿಡಿಸಿ ನೋಡಿ ತಜ್ಞರು ಹೇಳಬೇಕು. ಗಂಡು ಹೌದೋ ಅಲ್ಲವೋ ಅನ್ನೋದನ್ನು ಮಾತ್ರ ನಾವೇ ಹೇಳಬಹುದು, ಸಾಮಾನ್ಯವಾಗಿ ಗಂಡಿಗೆ ಎರಡು ಕಣ್ಣು ನಡುನೆತ್ತಿಯಲ್ಲಿ ಕೂಡಿಕೊಂಡಿರುತ್ತವೆ, ಹೆಣ್ಣಿಗೆ ನಡುವೆ ಜಾಗ ಇರುತ್ತದೆ. ಅದು ಎದುರಿನಿಂದ ತೆಗೆದ ಒಂದು ಫೋಟೋದಲ್ಲೇ ಗೊತ್ತಾಗುತ್ತದೆ. ಐನ್ಯಾಚುರಲಿಸ್ಟ್‌ನಲ್ಲಿ (ಜೀವಿಗಳ ಫೋಟೋ ಹಾಕಿ ಗುರುತು ಕೇಳುವ ಜಾಲತಾಣ) ಹಾಕುವವರು ಪಾದ, ಪೂರ್ತಿ ರೆಕ್ಕೆ, ಹಿಂಗಾಲು, ಮುಖ ಈ ನಾಲ್ಕನ್ನೂ ಒಂದೇ ದಾಖಲೆಯಲ್ಲಿ ಹಾಕಿ. ನೋಡುವವರಿಗೆ ಹೇಳೋಕೆ ಏನಾದರೂ ಸಿಗುತ್ತದೆ.

ಈಗ ದೂರುಗಳು. ಕ್ಲಿಪ್ಪಿನ ಸ್ಪ್ರಿಂಗ್ ಗಟ್ಟಿ ಇದೆ, ಆದರೆ ಮೊಬೈಲಿಗೆ ದಪ್ಪ ಕವರ್ ಇದ್ದರೆ ಲೆನ್ಸ್ ಕ್ಯಾಮೆರಾಕ್ಕೆ ಸರಿಯಾಗಿ ಕೂರಲ್ಲ, ಒಂದು ಬದಿ ಕಪ್ಪು ಬರುತ್ತದೆ. ಕವರ್ ತೆಗೆಯಬೇಕು. ಮಳೆಯಲ್ಲಿ ಕವರ್ ತೆಗೆದ ಮೊಬೈಲ್ ಹಿಡಿದು ಬಗ್ಗಿ ನಿಲ್ಲೋದು ಯಾರಿಗೂ ಇಷ್ಟದ ಕೆಲಸ ಅಲ್ಲ. ಬೆಳಕಿನ ವ್ಯವಸ್ಥೆ ಇದರ ಜೊತೆ ಬರಲ್ಲ. ಮೊಬೈಲಿನ ಫ್ಲಾಶ್ ಹಾಕಿದರೆ ನೊಣದ ಬೆನ್ನು ಬೆಳ್ಳಗೆ ಸುಟ್ಟ ಹಾಗೆ ಬರುತ್ತದೆ. ಸಣ್ಣ ಟಾರ್ಚಿನ ಮುಂದೆ ಬಟರ್ ಪೇಪರ್ ಕಟ್ಟಿ ಪಕ್ಕದಿಂದ ಹಿಡಿದರೆ ಬೆಳಕು ಮೆತ್ತಗಾಗುತ್ತದೆ, ಕೂದಲಿನ ಬಣ್ಣವೂ ಸರಿಯಾಗಿ ಬರುತ್ತದೆ. ಅದಕ್ಕೆ ಇನ್ನೊಂದು ಕೈ ಬೇಕು, ಜೊತೆಗೆ ಯಾರಾದರೂ ಇದ್ದರೆ ಒಳ್ಳೆಯದು.

ಎಲ್ಲಕ್ಕಿಂತ ದೊಡ್ಡ ದೂರು ಫಂಗಸ್. ಇದು ಶಿರಸಿ, ಸಿದ್ದಾಪುರ, ಯಲ್ಲಾಪುರದವರಿಗೆ ಹೇಳಲೇಬೇಕಾದದ್ದು. ಜೊತೆಗೆ ಕೊಡುವ ಬಟ್ಟೆ ಚೀಲ ನೋಡೋಕೆ ಚಂದ, ಆದರೆ ನಮ್ಮ ಆಷಾಢದಲ್ಲಿ ಅದರೊಳಗೆ ಇಟ್ಟ ಲೆನ್ಸಿನ ಗಾಜಿನ ಒಳಬದಿಗೆ ಜೇಡರಬಲೆಯ ಹಾಗೆ ಬಿಳಿ ಎಳೆ ಹಿಡಿಯುತ್ತದೆ. ಒಮ್ಮೆ ಒಳಗೆ ಹಿಡಿದರೆ ಬಿಚ್ಚಿ ಒರೆಸೋಕೆ ಬರುವ ವಸ್ತು ಅಲ್ಲ ಇದು. ನನ್ನದರಲ್ಲಿ ಅಂಚಿಗೆ ಒಂದು ಎಳೆ ಬಂದಿತ್ತು, ಮಾರಿದವರಿಗೆ ಫೋನ್ ಮಾಡಿ ಕೇಳಿದರೆ ಅದು ವಾರಂಟಿಗೆ ಬರಲ್ಲ ಅಂದರು. ತಿಂಗಳಾನುಗಟ್ಟಲೆ ಮಳೆ ಬೀಳುವ ಊರಿಗೂ ಇದನ್ನು ಮಾರುತ್ತಾರೆ ಅಂದಮೇಲೆ ಒಂದು ಗಾಳಿಯಾಡದ ಡಬ್ಬಿ, ಎರಡು ಸಿಲಿಕಾ ಜೆಲ್ ಪೊಟ್ಟಣ ಜೊತೆಗೆ ಕೊಡೋದು ದೊಡ್ಡ ಖರ್ಚಲ್ಲ. ಇದಕ್ಕೆ ಇನ್ನರ್ಧ ಸ್ಟಾರ್ ಕಳೆಯುತ್ತೇನೆ. ನೀವು ಲೆನ್ಸ್ ಬಂದ ದಿನವೇ ಚೀಲ ಬದಿಗಿಟ್ಟು ಬಿಗಿ ಮುಚ್ಚಳದ ಸ್ಟೀಲ್ ಡಬ್ಬಿಗೆ ಹಾಕಿ, ಸಿಲಿಕಾ ಜೆಲ್ ಹಾಕಿ. ಜೆಲ್ ಆಗಾಗ ಒಣಗಿಸಿ.

ಇದರ ಬದಲು ಕಣ್ಣಿಗೆ ಹಿಡಿಯುವ 10 ಎಕ್ಸ್ ಮಡಚುವ ಭೂತಗನ್ನಡಿ ತಗೊಂಡರೆ ಹೇಗೆ? ಒಳ್ಳೇದರಲ್ಲಿ ನಿಜಕ್ಕೂ ಹತ್ತು ಪಟ್ಟು ಇರುತ್ತದೆ, ಹಿಂಗಾಲಿನ ಮುಳ್ಳು ಅದರಲ್ಲಿ ಚೆನ್ನಾಗಿ ಕಾಣುತ್ತದೆ, ಜೇಬಿನಲ್ಲಿ ಇಟ್ಟುಕೊಂಡು ಓಡಾಡಬಹುದು. ಆದರೆ ಎರಡೂವರೆ ಸೆಂಟಿಮೀಟರ್ ಹತ್ತಿರ ಕಣ್ಣು ಒಯ್ಯಬೇಕು, ನೊಣವನ್ನು ಬಾಟಲಿಗೆ ಹಾಕದೆ ಆಗಲ್ಲ, ನೋಡಿದ್ದನ್ನು ಇನ್ನೊಬ್ಬರಿಗೆ ತೋರಿಸೋಕೂ ಆಗಲ್ಲ. ನೊಣವನ್ನು ಕೊಲ್ಲದೇ ಗುರುತಿಸಬೇಕು, ಬೇರೆಯವರ ಹತ್ತಿರ ಕೇಳಬೇಕು ಅನ್ನುವವರಿಗೆ ಫೋಟೋನೇ ಬೇಕು. ನಾನು ಎರಡನ್ನೂ ಇಟ್ಟುಕೊಂಡಿದ್ದೇನೆ. ಒಂದೇ ತಗೊಳ್ಳೋದಾದರೆ ಮೊದಲು ಕ್ಲಿಪ್ ಲೆನ್ಸ್. ನೊಣ ತುಂಬಾ ಚಡಪಡಿಸುತ್ತಿದ್ದರೆ ಬಾಟಲಿಯನ್ನು ಐದು ನಿಮಿಷ ಫ್ರಿಜ್ಜಿನಲ್ಲಿಡಿ, ಫ್ರೀಜರಿನಲ್ಲಿ ಅಲ್ಲ. ಹೊರಗೆ ತೆಗೆದಾಗ ಸ್ವಲ್ಪ ಹೊತ್ತು ಸುಮ್ನೆ ಕೂತಿರುತ್ತದೆ, ಅಷ್ಟರೊಳಗೆ ಹಿಂಗಾಲು ಮತ್ತು ಮುಖ ತೆಗೆದು, ಹಿಡಿದ ಗಿಡದ ಹತ್ತಿರವೇ ಬಿಟ್ಟುಬಿಡಿ.

ಮನೆಯಲ್ಲಿ ಎಲ್ಲರೂ ಕೇಳೋ ಒಂದು ಪ್ರಶ್ನೆ, ಇದು ಕಚ್ಚುತ್ತಾ ಅಂತ. ನಮ್ಮ ಅತ್ತೆಯೂ ಕೇಳಿದರು. ರಕ್ತ ಹೀರುವವು ಈ ಕುಟುಂಬದಲ್ಲಿ ಕೆಲವೇ ಕುಲಗಳಲ್ಲಿ ಇವೆ, ಉತ್ತರ ಅಮೆರಿಕದ ಪಶ್ಚಿಮ ಭಾಗದ ಸಿಂಫೊರೊಮಿಯಾ, ಆಸ್ಟ್ರೇಲಿಯಾದ ಸ್ಪೇನಿಯಾಪ್ಸಿಸ್ ಅದರಲ್ಲಿ ಹೆಸರಾದವು. ಎಲೆ ಮೇಲೆ ಕೂತ ಕ್ರೈಸೊಪಿಲಸ್ ಹತ್ತಿರ ಮಕ್ಕಳು ಮೊಬೈಲ್ ಹಿಡಿದು ಹೋದರೆ ಏನೂ ಹೆದರಬೇಕಿಲ್ಲ.

ಐದಕ್ಕೆ ಮೂರೂವರೆ ಸ್ಟಾರ್. ಮಳೆಗಾಲದ ಮೊದಲೇ ತರಿಸಿಕೊಳ್ಳಿ, ಜೂನಿನಲ್ಲಿ ಆರ್ಡರ್ ಹಾಕಿದರೆ ಹಳ್ಳಿ ಕಡೆ ಬರೋದು ತಡ ಆಗುತ್ತದೆ, ನೊಣ ಅಷ್ಟು ದಿನ ಕಾಯಲ್ಲ. ತಗೊಳ್ಳುವಾಗ ಕ್ಲಿಪ್ಪಿನ ರಬ್ಬರ್ ಬಿಡಿಯಾಗಿ ಸಿಗುತ್ತಾ ಅಂತ ಕೇಳಿ ನೋಡಿ, ನನ್ನದರಲ್ಲಿ ಮೊದಲು ಸವೆದು ಹೋದದ್ದು ಅದೇ.